ಪೆಸಿಫಿಕ್ ಅಟಾಲ್‌ಗಳು: ಜನ ಎಲ್ಲಿ ನೆಲೆ ನಿಂತರು ಎನ್ನುವುದನ್ನು ತೀರ್ಮಾನಿಸಿದ್ದು ನೆಲದ ಎತ್ತರವೋ, ಬಾವಿಯ ನೀರೋ?

ನಕಾಶೆ_ನಾಗ:
ಕಿರಿಬಾಸ್ ಬಗ್ಗೆ (ಶಾಲೆಯ ನಕಾಶೆಯಲ್ಲಿ ಕಿರಿಬಾಟಿ) ಏನು ಹುಡುಕಿದರೂ ಸಿಗುವುದು ಒಂದೇ ಸುದ್ದಿ: ಕಡಲು ಏರುತ್ತಿದೆ, ದೇಶ ಮುಳುಗುತ್ತಿದೆ. ನನ್ನ ಪ್ರಶ್ನೆ ಬೇರೆ. 33 ದ್ವೀಪ, ಒಟ್ಟು ನೆಲ 811 ಚದರ ಕಿ.ಮೀ., ಅವು ಚೆಲ್ಲಿಕೊಂಡಿರುವ ಕಡಲು ಸುಮಾರು 35 ಲಕ್ಷ ಚದರ ಕಿ.ಮೀ. ನೆಲದಲ್ಲಿ ಹತ್ತಿರಹತ್ತಿರ ಅರ್ಧ, ಅಂದರೆ 388 ಚದರ ಕಿ.ಮೀ., ಪೂರ್ವದ ಕಿರಿಸ್ಮಾಸ್ ದ್ವೀಪ ಒಂದರಲ್ಲೇ ಇದೆ. ಆದರೆ 2020ರ ಜನಗಣತಿಯ ಸುಮಾರು 1.2 ಲಕ್ಷ ಜನರಲ್ಲಿ 63 ಸಾವಿರದಷ್ಟು ಮಂದಿ ಪಶ್ಚಿಮದ ರಾಜಧಾನಿ ದಕ್ಷಿಣ ತರಾವಾದ ಸಣ್ಣ ಪಟ್ಟಿಯಲ್ಲಿ ಒತ್ತಿಕೊಂಡಿದ್ದಾರೆ. ಫೀನಿಕ್ಸ್ ಗುಂಪಿನ ಎಂಟು ದ್ವೀಪಗಳಲ್ಲಿ ಕಾಂಟನ್ ಒಂದನ್ನು ಬಿಟ್ಟರೆ ಎಲ್ಲವೂ ಖಾಲಿ. ಜಾಗ ಇರುವ ಕಡೆ ಜನ ಯಾಕಿಲ್ಲ?

ಅಂತರ್ಜಲ:
ನಾಗ ಅವರೇ, ಜಾಗವೊಂದೇ ಇದ್ದರೆ ಸಾಲದು, ಕಾಲಡಿಯಲ್ಲಿ ನೀರಿರಬೇಕು. ಅಟಾಲ್ ಅಂದರೆ ನಡುವೆ ಆಳವಿಲ್ಲದ ಒಳಗಡಲು (ಲಗೂನ್), ಸುತ್ತ ಹವಳ ಕಟ್ಟಿದ ಉಂಗುರದಂಥ ತಗ್ಗು ದ್ವೀಪಸಾಲು. ಅಲ್ಲಿ ಹೊಳೆಯಿಲ್ಲ, ಝರಿಯಿಲ್ಲ. ಇರುವುದೆಲ್ಲ ಹವಳದ ಮರಳು, ಹವಳದ ಜಲ್ಲಿ. ಬಿದ್ದ ಮಳೆ ನೆಟ್ಟಗೆ ಕೆಳಗಿಳಿದು, ಅಡಿಯಲ್ಲಿ ತುಂಬಿರುವ ಕಡಲನೀರಿನ ಮೇಲೆ ತೇಲುತ್ತದೆ. ಸಿಹಿನೀರಿನ ಸಾಂದ್ರತೆ 1.000, ಕಡಲನೀರಿನದು 1.025. ಈ ಸಣ್ಣ ವ್ಯತ್ಯಾಸದ ಲೆಕ್ಕ ಹಿಡಿದರೆ, ಸಿಹಿನೀರು ಕಡಲಮಟ್ಟಕ್ಕಿಂತ ಎಷ್ಟು ಮೇಲೆ ನಿಂತಿದೆಯೋ ಅದರ 40 ಪಟ್ಟು ಕೆಳಕ್ಕೂ ಇರಬೇಕು. ಬಾವಿಯ ಮಟ್ಟ ಸರಾಸರಿ ಕಡಲಮಟ್ಟಕ್ಕಿಂತ 25 ಸೆಂ.ಮೀ. ಮೇಲಿದ್ದರೆ, ಕೆಳಗೆ 10 ಮೀಟರ್ ಸಿಹಿ. ನಡುವೆ ದಪ್ಪ, ಅಂಚಿನಲ್ಲಿ ತೆಳ್ಳಗೆ. ಅದಕ್ಕೇ ಈ ಕೆಲಸದವರು ಇದನ್ನು ಲೆನ್ಸ್ ಅನ್ನುತ್ತಾರೆ.

ಇದು ಪುಸ್ತಕದ ಲೆಕ್ಕ. ನಿಜದಲ್ಲಿ ಸಿಹಿಗೂ ಉಪ್ಪಿಗೂ ನಡುವೆ ಗೆರೆ ಎಳೆದಂಥ ಗಡಿ ಇರುವುದಿಲ್ಲ. ಉಬ್ಬರ ಇಳಿತಗಳು ದಿನಾ ಕಲಕಿ ಕಲಕಿ, ನಡುವೆ ಹಲವು ಮೀಟರ್ ದಪ್ಪದ ಬೆರಕೆ ಪದರವನ್ನೇ ಮಾಡಿಬಿಟ್ಟಿರುತ್ತವೆ. 40 ಪಟ್ಟನ್ನು ನಂಬಿ ಕೊಳವೆ ಇಳಿಸಿದರೆ ಉಪ್ಪೇ ಗತಿ.

ಎರಡು ವಿಷಯ ಮುಖ್ಯ. ಒಂದು, ದ್ವೀಪದ ಅಗಲ. ಸುಮಾರು 250–300 ಮೀಟರ್‌ಗಿಂತ ಕಿರಿದಾದ ಪಟ್ಟಿಯಲ್ಲಿ ಬರ ತಡೆದುಕೊಳ್ಳುವ ಲೆನ್ಸ್ ನಿಲ್ಲುವುದೇ ಕಷ್ಟ. ಇನ್ನೊಂದು, ಮಳೆ. ತರಾವಾದಲ್ಲಿ ವರ್ಷಕ್ಕೆ ಸರಾಸರಿ 2,000 ಮಿ.ಮೀ. ಆಸುಪಾಸು, ಕಿರಿಸ್ಮಾಸ್‌ನಲ್ಲಿ ಅದರ ಅರ್ಧವೂ ಕಷ್ಟ. ಫೀನಿಕ್ಸ್ ದ್ವೀಪಗಳು ಆ ಒಣ ಪಟ್ಟಿಯಲ್ಲೇ ಬರುತ್ತವೆ. ನಿಮ್ಮ ಖಾಲಿ ದ್ವೀಪಗಳ ಮೇಲೆ ಮಳೆಯ ನಕಾಶೆ ಇಟ್ಟು ನೋಡಿ, ಉತ್ತರ ಅಲ್ಲೇ ಕಾಣುತ್ತದೆ.

ಪಡುಗಡಲು:
ಹಾಗಾದರೆ ಬೋರ್‌ವೆಲ್ ಹಾಕಿದರೆ ಆಗುದಿಲ್ವಾ? ಆಳಕ್ಕೆ ಬೇಡ, ಆ 10 ಮೀಟರ್ ಒಳಗೇ ನಿಲ್ಲಿಸಿದರೆ?

ಅಂತರ್ಜಲ:
ಆಳ ಕಮ್ಮಿ ಮಾಡಿದರೂ ತೊಂದರೆ ತಪ್ಪುವುದಿಲ್ಲ, ಯಾಕೆಂದರೆ ಅದೇ 40ರ ಲೆಕ್ಕ ಉಲ್ಟಾ ತಿರುಗುತ್ತದೆ. ಒಂದೇ ಜಾಗದಿಂದ ಜೋರಾಗಿ ಎಳೆದು ಮಟ್ಟವನ್ನು 10 ಸೆಂ.ಮೀ. ಇಳಿಸಿದರೆ, ಅದರ ನೇರ ಕೆಳಗೆ ಉಪ್ಪುನೀರು 4 ಮೀಟರ್‌ವರೆಗೂ ಗೋಪುರದ ಹಾಗೆ ಮೇಲೇಳಬಹುದು. ಪಂಪ್ ನಿಲ್ಲಿಸಿದ ಮೇಲೂ ಅದು ಕೂಡಲೇ ಇಳಿಯುವುದಿಲ್ಲ. ಬೆರೆತ ನೀರು ಬೇರೆಯಾಗುವುದಿಲ್ಲವಲ್ಲ, ಹೊಸ ಮಳೆ ಬಂದು ಅದನ್ನು ಕೆಳಗೆ ತಳ್ಳಬೇಕು.

ಆದ್ದರಿಂದ ಅಟಾಲ್‌ನಲ್ಲಿ ನೆಟ್ಟಗೆ ಇಳಿಸುವ ಬದಲು ಅಡ್ಡಲಾಗಿ ಹಾಕುತ್ತಾರೆ. ತರಾವಾದ ಬೊನ್‌ರಿಕಿಯಲ್ಲಿ ಇರುವುದು ಇದೇ ವ್ಯವಸ್ಥೆ. ನೀರಿನ ಮಟ್ಟ ತಲುಪುವವರೆಗೆ, ಸಾಮಾನ್ಯವಾಗಿ 2–3 ಮೀಟರ್, ಉದ್ದನೆಯ ಕಾಲುವೆ ತೋಡಬೇಕು. ಬರಗಾಲದ ಅತಿ ಕೆಳಮಟ್ಟಕ್ಕಿಂತ ಸ್ವಲ್ಪವೇ ಕೆಳಗೆ ತೂತು ಕೊರೆದ ಪಿವಿಸಿ ಕೊಳವೆ ಮಲಗಿಸಿ, ಸುತ್ತ ಜಲ್ಲಿ ತುಂಬಿ, ಮೇಲೆ ಮುಚ್ಚಬೇಕು. ಒಂದೊಂದು ಸಾಲೂ ಸುಮಾರು 300 ಮೀಟರ್ ಉದ್ದ, ನಡುವೆ ಪಂಪ್ ಗುಂಡಿ. ಅಷ್ಟುದ್ದಕ್ಕೂ ಹಂಚಿ ಎಳೆಯುವುದರಿಂದ ಮಟ್ಟ ಕೆಲವೇ ಸೆಂಟಿಮೀಟರ್ ಇಳಿಯುತ್ತದೆ, ಉಪ್ಪು ಅಲ್ಲೇ ಉಳಿಯುತ್ತದೆ.

ಕೆಡುವ ರೀತಿಗಳೂ ಇವೆ. ಮಳೆಗಾಲದಲ್ಲಿ ತೋಡಿದರೆ ಅವತ್ತಿನ ಮಟ್ಟ ನೋಡಿ ಕೊಳವೆ ಇಡುತ್ತಾರೆ, ಬರ ಬಂದಾಗ ಕೊಳವೆ ಒಣಗುತ್ತದೆ. ಆ ಭಯಕ್ಕೆ ಒಂದು ಮೀಟರ್ ಹೆಚ್ಚು ಆಳಕ್ಕೆ ಇಟ್ಟರೆ ಬರದಲ್ಲಿ ಉಪ್ಪು ಬರುತ್ತದೆ. ಕೊಳವೆ ಒಂದು ಕಡೆ ತಗ್ಗಿದ್ದರೆ ಆ ತುದಿಯಿಂದಲೇ ಹೆಚ್ಚು ನೀರು ಬಂದು ಅಡ್ಡ ಹಾಕಿದ್ದರ ಲಾಭವೇ ಹೋಗುತ್ತದೆ. ಮಟ್ಟಪಟ್ಟಿ ಹಿಡಿದು ಕೂರಬೇಕಾದ ಕೆಲಸ ಅದು.

ಹವಳದಿಬ್ಬ:
ಲೆನ್ಸ್ ಎಷ್ಟು ದಪ್ಪ ಆಗಬಹುದು ಎನ್ನುವುದಕ್ಕೆ ಭೂವಿಜ್ಞಾನ ಹಾಕಿದ ಒಂದು ಮಿತಿ ಇದೆ, ಅದನ್ನೂ ಸೇರಿಸುತ್ತೇನೆ. ಅಟಾಲ್‌ನ ಮೇಲಿನ 15–25 ಮೀಟರ್ ಕಳೆದ ಕೆಲವು ಸಾವಿರ ವರ್ಷಗಳಲ್ಲಿ ಕೂಡಿದ ಸಡಿಲ ಮರಳು. ಅದರ ಕೆಳಗೆ ಹಳೆಯ ಸುಣ್ಣಕಲ್ಲು. ಹಿಮಯುಗದಲ್ಲಿ ಕಡಲು 120 ಮೀಟರ್‌ನಷ್ಟು ಇಳಿದಿದ್ದಾಗ ಆ ಕಲ್ಲು ಬಯಲಾಗಿ, ಮಳೆಗೆ ಕರಗಿ, ಒಳಗೆಲ್ಲ ಪೊಟರೆ ಬಿದ್ದಿದೆ. ಅದರೊಳಗೆ ಕಡಲನೀರು ಸರಾಗ ಹರಿದಾಡುತ್ತದೆ. ಸಿಹಿನೀರು ಆ ಗಡಿ ಮುಟ್ಟಿದ ಕೂಡಲೇ ಬೆರೆತುಹೋಗುತ್ತದೆ. ಎಷ್ಟೇ ಮಳೆ ಬರಲಿ, ದ್ವೀಪ ಎಷ್ಟೇ ಅಗಲ ಇರಲಿ, ಲೆನ್ಸ್ ಅದಕ್ಕಿಂತ ಕೆಳಗೆ ಬೆಳೆಯುವುದಿಲ್ಲ.

ಇನ್ನೊಂದು ಅಂಶ ಬಾವಿ ತೋಡುವವರಿಗೆ ಉಪಯೋಗದ್ದು. ಹೊರಕಡಲ ಬದಿಯಲ್ಲಿ ಅಲೆ ಎಸೆದ ದಪ್ಪ ಜಲ್ಲಿ, ಲಗೂನ್ ಬದಿಯಲ್ಲಿ ನುಣ್ಣನೆ ಮರಳು. ಜಲ್ಲಿಯಲ್ಲಿ ನೀರು ನಿಲ್ಲುವುದಿಲ್ಲ. ಹಾಗಾಗಿ ಲೆನ್ಸ್‌ನ ದಪ್ಪ ಭಾಗ ದ್ವೀಪದ ನಟ್ಟನಡುವೆ ಇರದೆ ಲಗೂನ್ ಕಡೆಗೆ ಸರಿದಿರುತ್ತದೆ. ಒಂದೇ ಅಟಾಲ್‌ನಲ್ಲೂ ಗಾಳಿಗೆ ಎದುರಿರುವ ದ್ವೀಪಕ್ಕಿಂತ ಗಾಳಿಯ ಮರೆಯ ದ್ವೀಪದಲ್ಲಿ ಮರಳು ನುಣುಪು, ನೀರು ಹೆಚ್ಚು.

ಅಟಾಲ್ ಅಡಿಯಲ್ಲಿ ಜ್ವಾಲಾಮುಖಿ ಇದೆ ಎಂದು ಡಾರ್ವಿನ್ 1842ರಲ್ಲೇ ಬರೆದಿದ್ದ. ಬೆಟ್ಟ ಕುಸಿಯುತ್ತ ಹೋದಂತೆ ಹವಳ ಮೇಲೆ ಮೇಲೆ ಕಟ್ಟುತ್ತ ಬಂತು ಎನ್ನುವುದು ಅವನ ವಾದ. ಪರೀಕ್ಷಿಸಲು ಲಂಡನ್ನಿನ ರಾಯಲ್ ಸೊಸೈಟಿ 1896ರಿಂದ 1898ರವರೆಗೆ ಕಿರಿಬಾಸ್‌ನ ನೆರೆಯ ಟುವಾಲುವಿನ ಫುನಾಫುಟಿ ಅಟಾಲ್‌ನಲ್ಲಿ ಕೊರೆಸಿತು. 1,114 ಅಡಿ, ಸುಮಾರು 340 ಮೀಟರ್ ಇಳಿದರೂ ಹವಳದ ಸುಣ್ಣಕಲ್ಲೇ ಸಿಕ್ಕಿತು. ಕಡೆಗೆ ತಳದ ಜ್ವಾಲಾಮುಖಿ ಕಪ್ಪುಕಲ್ಲು ಸಿಕ್ಕಿದ್ದು 1952ರಲ್ಲಿ ಮಾರ್ಷಲ್ ದ್ವೀಪಗಳ ಎನೆವೆಟಾಕ್‌ನಲ್ಲಿ, 1,300–1,400 ಮೀಟರ್ ಆಳದಲ್ಲಿ. ಅಲ್ಲಿ ಕೊರೆದದ್ದು ಅಣುಬಾಂಬ್ ಪರೀಕ್ಷೆಯ ಅಂಗವಾಗಿ ಎನ್ನುವುದು ಬೇರೆ ಕಥೆ.

ಪಡುಗಡಲು:
ಇದು ಕೇಳಿದರೆ ಲಕ್ಷದ್ವೀಪದ ನಮ್ಮ ಅಮೀನಿದಿವಿ ಗುಂಪು ನೆನಪಾಗ್ತದೆ ಮಾರಾಯ್ರೇ. ಅಮಿನಿ, ಕಡಮತ್, ಕಿಲ್ತಾನ್, ಚೆತ್ಲಾತ್, ಬಿತ್ರಾ. 1799ರಲ್ಲಿ ಟಿಪ್ಪು ಬಿದ್ದ ಮೇಲೆ ಬ್ರಿಟಿಷರ ಕೈಗೆ ಬಂದು, 1956ರವರೆಗೂ ಮಂಗಳೂರಿನ ಕಲೆಕ್ಟರರ ಕೈಕೆಳಗೇ ಇದ್ದವು, ದಕ್ಷಿಣ ಕನ್ನಡ ಜಿಲ್ಲೆಗೆ ಸೇರಿ. ತೆಂಗಿನ ಹುರಿ ಇಲ್ಲಿಗೆ, ಅಕ್ಕಿ ಅಲ್ಲಿಗೆ. ಅಲ್ಲಿಯ ಬಾವಿಗಳೂ ಹೀಗೇ ಕಡಲ ಮೇಲೆ ತೇಲುವ ನೀರಿನವು. ಲಕ್ಷದ್ವೀಪದ್ದೇ ಆದ ಕವರತ್ತಿಯಲ್ಲಿ 2005ರಿಂದ ಕಡಲನೀರನ್ನೇ ಸಿಹಿ ಮಾಡುವ ಸ್ಥಾವರ ಇದೆ, ದಿನಕ್ಕೆ 1 ಲಕ್ಷ ಲೀಟರ್. ಅದನ್ನೇ ಕಿರಿಬಾಸ್‌ನಲ್ಲಿ ಮಾಡಿದರೆ ಇಷ್ಟೆಲ್ಲ ತಾಪತ್ರಯ ಇಲ್ಲವಲ್ಲ?

ಹವಳದಿಬ್ಬ:
ಹೋಲಿಕೆ ಸರಿಯಾಗಿದೆ. ಕವರತ್ತಿಯದು ಜರಡಿ ಪೊರೆಯ (ಆರ್‌ಒ) ಯಂತ್ರ ಅಲ್ಲ, ಉಷ್ಣದ ವ್ಯತ್ಯಾಸ ಬಳಸುವಂಥದ್ದು. ಮೇಲ್ನೀರು 28 ಡಿಗ್ರಿ ಸೆಲ್ಸಿಯಸ್ ಆಸುಪಾಸು. ಅದನ್ನು ಗಾಳಿ ತೆಗೆದ ಪಾತ್ರೆಯಲ್ಲಿ ಆವಿ ಮಾಡಿ, ಸುಮಾರು 350 ಮೀಟರ್ ಆಳದಿಂದ ತಂದ ತಣ್ಣೀರಿನಲ್ಲಿ ತಣಿಸುತ್ತಾರೆ. ಅಟಾಲ್‌ನ ಹೊರ ಅಂಚು ಕಡಿದಾಗಿ ಇಳಿಯುವುದರಿಂದ ದಡದ ಹತ್ತಿರವೇ ಆ ಆಳ ಸಿಗುತ್ತದೆ. ಈ ಅನುಕೂಲ ಪೆಸಿಫಿಕ್‌ನಲ್ಲೂ ಇದೆ. ಅಡಚಣೆ ಕೊಳವೆಯದು. ಬಂಡೆಯಂಚಿನ ಅಲೆಯ ಹೊಡೆತಕ್ಕೆ ತಣ್ಣೀರಿನ ಉದ್ದ ಕೊಳವೆ ಮುರಿದರೆ ಸ್ಥಾವರ ಅಲ್ಲಿಗೇ ನಿಂತಿತು.

ಪೊರೆಯ ಯಂತ್ರ ಸಣ್ಣದು, ಬೇಗ ಕೂರಿಸಬಹುದು. ಆದರೆ ಕಡಲನೀರಿಗೆ 55–70 ಬಾರ್ ಒತ್ತಡ ಬೇಕು, ಸಾವಿರ ಲೀಟರಿಗೆ 3–5 ಯೂನಿಟ್ ಕರೆಂಟ್. ಡೀಸೆಲ್ ಹಡಗಿನಲ್ಲಿ ಬರಬೇಕು, ಪೊರೆಯೂ ಹಡಗಿನಲ್ಲೇ ಬರಬೇಕು. ಇಂಥ ಯಂತ್ರ ಸಾಮಾನ್ಯವಾಗಿ ಕೆಡುವುದು ಒತ್ತಡದ ಪಂಪಿನ ಸೀಲ್ ಹೋಗಿ, ಇಲ್ಲವೇ ಮುಂಜರಡಿ ಬದಲಿಸದೆ ಪೊರೆ ಕಟ್ಟಿಕೊಂಡು. ಎರಡೂ ಪಟ್ಟಣದಲ್ಲಾದರೆ ಒಂದು ದಿನದ ರಿಪೇರಿ, ಹೊರದ್ವೀಪದಲ್ಲಿ ಮುಂದಿನ ಹಡಗು ಬರುವವರೆಗೆ ಕಾಯಬೇಕು.

ಹಳೇದಾಖಲೆ:
ನಾಗ ಅವರ ಮೂಲ ಪ್ರಶ್ನೆಗೆ ಇತಿಹಾಸದಲ್ಲಿ ನೇರ ಪ್ರಯೋಗವೇ ಒಂದು ಇದೆ. ಗಿಲ್ಬರ್ಟ್ ದ್ವೀಪಗಳಲ್ಲಿ (ತರಾವಾ ಇರುವ ಪಶ್ಚಿಮದ ಗುಂಪು) ಜನ ಹೆಚ್ಚಾದರು, ಫೀನಿಕ್ಸ್ ಖಾಲಿ ಇದೆ, ಅಲ್ಲಿಗೆ ಕಳಿಸೋಣ ಎಂದು ಬ್ರಿಟಿಷ್ ವಸಾಹತು ಅಧಿಕಾರಿ ಹ್ಯಾರಿ ಮಾಡ್ 1930ರ ದಶಕದ ಕೊನೆಗೆ ಯೋಜನೆ ಮಾಡಿದರು. 1938ರಿಂದ ಆರಂಭಿಸಿ ಮನ್ರಾ, ಒರೋನಾ, ನಿಕುಮರೋರೋ ಎಂಬ ಮೂರು ದ್ವೀಪಗಳಲ್ಲಿ ಊರು ಕಟ್ಟಿಸಿದರು. ಆಗ ಅವುಗಳ ಹೆಸರು ಸಿಡ್ನಿ, ಹಲ್, ಗಾರ್ಡ್‌ನರ್. ಯೋಜನೆ ನೋಡಿಕೊಳ್ಳುತ್ತಿದ್ದ ಜೆರಾಲ್ಡ್ ಗ್ಯಾಲಗರ್ 1941ರಲ್ಲಿ ನಿಕುಮರೋರೋದಲ್ಲೇ ತೀರಿಕೊಂಡರು.

ಮಳೆ ಚೆನ್ನಾಗಿದ್ದ ವರ್ಷಗಳಲ್ಲಿ ಎಲ್ಲ ಸರಿಯಿತ್ತು. ಬರ ಬಂದಾಗ ಬಾವಿ ಉಪ್ಪಾಯಿತು, ತೆಂಗು ಕಾಯಿ ಬಿಡುವುದು ನಿಂತಿತು. ಕೊಬ್ಬರಿ ಇಲ್ಲ ಎಂದ ಮೇಲೆ ಹಡಗು ಯಾಕೆ ಬರುತ್ತದೆ? 1963ರ ಹೊತ್ತಿಗೆ ಸರಕಾರವೇ ಎಲ್ಲರನ್ನೂ ಎತ್ತಿ ಸಾಲೊಮನ್ ದ್ವೀಪಗಳ ಗಿಜೋ ಮತ್ತು ವಘೀನಾಗೆ ಸಾಗಿಸಿತು. ಕುತೂಹಲ ಏನೆಂದರೆ ಯುರೋಪಿನ ಹಡಗುಗಳು ಬರುವ ಎಷ್ಟೋ ಕಾಲ ಮೊದಲೇ ಮನ್ರಾದಲ್ಲಿ ಜನವಸತಿ ಇದ್ದು, ಬಿಟ್ಟುಹೋದ ಕುರುಹುಗಳಿವೆ. ಅಲ್ಲಿ ಬಾಳಲು ನೋಡಿ ಸೋತವರಲ್ಲಿ 1938ರವರೇ ಮೊದಲಿಗರಲ್ಲ.

ಗಿಜೋ ಸೇರಿದವರ ಕಥೆ ಅಲ್ಲಿಗೇ ಮುಗಿಯಲಿಲ್ಲ. 2007ರ ಏಪ್ರಿಲ್ 2ರಂದು 8.1 ತೀವ್ರತೆಯ ಭೂಕಂಪವಾಗಿ ಸುನಾಮಿ ಬಂತು. ಕಡಲು ಹಿಂದೆ ಸರಿದಾಗ ಸ್ಥಳೀಯರು ಗುಡ್ಡ ಹತ್ತಿದರು. ಅಟಾಲ್‌ನಿಂದ ಬಂದ ಗಿಲ್ಬರ್ಟಿನವರ ಊರುಗಳಿದ್ದದ್ದು ದಡದಲ್ಲೇ, ಜೊತೆಗೆ ಆ ಸೂಚನೆಯ ಅರಿವು ಅವರ ಪರಂಪರೆಯಲ್ಲಿರಲಿಲ್ಲ. ಸತ್ತವರಲ್ಲಿ ಅವರ ಪಾಲು ಅವರ ಜನಸಂಖ್ಯೆಗೆ ಹೋಲಿಸಿದರೆ ಬಹಳ ದೊಡ್ಡದು.

ನಕಾಶೆ_ನಾಗ:
ಇದು ಗೊತ್ತಿರಲಿಲ್ಲ. ಹಾಗಿದ್ದರೆ ಕಿರಿಬಾಸ್‌ನದೇ ಆದ ಬನಾಬ? ಅದು ಅಟಾಲ್ ಅಲ್ಲ, 81 ಮೀಟರ್ ಎತ್ತರ ಇದೆ. ಮುಳುಗುವ ಪ್ರಶ್ನೆಯೇ ಇಲ್ಲ. ಅಲ್ಲೂ ಈಗ ಜನ 300ರ ಆಸುಪಾಸು ಅಂತೆ.

ಹಳೇದಾಖಲೆ:
ನಿಮ್ಮ ಶೀರ್ಷಿಕೆಯ ಪ್ರಶ್ನೆಗೆ ಬನಾಬಕ್ಕಿಂತ ಒಳ್ಳೆಯ ಸಾಕ್ಷಿ ಬೇಕಿಲ್ಲ. ಮೇಲಕ್ಕೆದ್ದ ಹವಳದ ಸುಣ್ಣಕಲ್ಲು, 6 ಚದರ ಕಿ.ಮೀ. ಎತ್ತರ ಇದೆ, ನೀರಿಲ್ಲ. ಅಟಾಲ್‌ನಂತೆ 2 ಮೀಟರ್ ತೋಡಿ ಬಾವಿ ಮಾಡಲಾಗದು. ನೀರು ಸಿಗುತ್ತಿದ್ದದ್ದು ಬಂಗಬಂಗ ಎನ್ನುವ ನೆಲದಡಿಯ ಗುಹೆಗಳಲ್ಲಿ. ಕತ್ತಲಲ್ಲಿ ತೆವಳಿ ಇಳಿದು ತೆಂಗಿನ ಕರಟದಲ್ಲಿ ತುಂಬಿ ತರುವುದು ಹೆಂಗಸರಿಗೆ ಮಾತ್ರ ಸೇರಿದ ಹಕ್ಕು. 1870ರ ದಶಕದ ಬರದಲ್ಲಿ ಅದೂ ಬತ್ತಿ ಬಹಳ ಜನ ಸತ್ತರು, ಉಳಿದವರಲ್ಲಿ ಅನೇಕರು ಸಿಕ್ಕ ಹಡಗು ಹತ್ತಿದರು.

1900ರಲ್ಲಿ ಆಲ್ಬರ್ಟ್ ಎಲ್ಲಿಸ್ ಬಂದ. ಸಿಡ್ನಿಯ ಕಂಪನಿ ಕಚೇರಿಯಲ್ಲಿ ಬಾಗಿಲಿಗೆ ಅಡ್ಡ ಇಟ್ಟಿದ್ದ ಕಲ್ಲನ್ನು ಪರೀಕ್ಷಿಸಿ ಅದು ಗೊಬ್ಬರಕ್ಕೆ ಬೇಕಾದ ಉತ್ತಮ ಫಾಸ್ಫೇಟ್ ಎಂದು ಕಂಡುಕೊಂಡವನು ಅವನೇ. ಆ ಕಲ್ಲು ನೌರುವಿನದು, ಬನಾಬದಲ್ಲೂ ಇರಬೇಕೆಂದು ಹೊರಟ. ಮೇ 3ರಂದು ‘ರಾಜ’ ಎಂದು ತಾನೇ ಕರೆದ ಒಬ್ಬರಿಂದ ಫಾಸ್ಫೇಟ್ ತೆಗೆಯುವ ಒಪ್ಪಂದ: 999 ವರ್ಷ, ವರ್ಷಕ್ಕೆ 50 ಪೌಂಡ್. ಇಡೀ ದ್ವೀಪದ ಪರವಾಗಿ ಸಹಿ ಹಾಕುವ ಅಧಿಕಾರ ಬನಾಬದ ಪದ್ಧತಿಯಲ್ಲಿ ಯಾರಿಗೂ ಇರಲಿಲ್ಲ, ಅಲ್ಲಿ ಜಮೀನು ಕುಟುಂಬ ಕುಟುಂಬಕ್ಕೆ ಸೇರಿದ್ದು. 1979ರಲ್ಲಿ ಗಣಿ ನಿಲ್ಲುವವರೆಗೆ ಸುಮಾರು 2 ಕೋಟಿ ಟನ್ ಹೋಯಿತು. ಅದು ಹೆಚ್ಚಾಗಿ ಬಿದ್ದದ್ದು ಆಸ್ಟ್ರೇಲಿಯಾ ಮತ್ತು ನ್ಯೂಜಿಲೆಂಡಿನ ಗದ್ದೆ, ಹುಲ್ಲುಗಾವಲುಗಳ ಮೇಲೆ. ಗಣಿ ಮುಗಿದ ಜಾಗದಲ್ಲಿ ಉಳಿಯುವುದು ಮೊನಚು ಸುಣ್ಣಕಲ್ಲಿನ ಕಂಬಗಳು, ನಡುವೆ ಹಳ್ಳ. ಮಣ್ಣು ಹೋದ ಮೇಲೆ ಮರವಿಲ್ಲ, ಮರ ಹೋದ ಮೇಲೆ ನೆರಳಿಲ್ಲ. ಗುಹೆಗಳೂ ಹಾಳಾದವು.

ಯುದ್ಧದಲ್ಲಿ ಜಪಾನ್ 1942ರ ಆಗಸ್ಟಿನಲ್ಲಿ ದ್ವೀಪ ಹಿಡಿದು ಜನರನ್ನು ನೌರು, ತರಾವಾ, ಕೊಸ್ರಾಯ್‌ಗೆ ಚದುರಿಸಿತು. ಯುದ್ಧ ಮುಗಿದ ಮೇಲೆ ಬ್ರಿಟಿಷರು ಅವರನ್ನು ಊರಿಗೆ ಬಿಡಲಿಲ್ಲ. 1945ರ ಡಿಸೆಂಬರ್ 15ರಂದು 703 ಬನಾಬದವರನ್ನೂ ಅವರೊಂದಿಗೆ 300 ಗಿಲ್ಬರ್ಟಿನವರನ್ನೂ ಫಿಜಿಯ ರಾಬಿ ದ್ವೀಪದಲ್ಲಿ ಇಳಿಸಿದರು. ಚಂಡಮಾರುತದ ಕಾಲ, ಸೈನ್ಯದ ಡೇರೆ, ಎರಡು ತಿಂಗಳ ರೇಷನ್. ಆ ದ್ವೀಪವನ್ನು 1942ರಲ್ಲೇ 25,000 ಪೌಂಡಿಗೆ ಕೊಂಡಿದ್ದರು, ಅದೂ ಬನಾಬದವರದೇ ದುಡ್ಡಿನಲ್ಲಿ! ರಾಬಿ ಜ್ವಾಲಾಮುಖಿ ದ್ವೀಪ. ಹೊಳೆ ಇದೆ, ಮಣ್ಣಿದೆ, ಬನಾಬದ ಹತ್ತು ಪಟ್ಟಿಗೂ ದೊಡ್ಡದು. ನೀರಿನ ದೃಷ್ಟಿಯಿಂದ ಮಾತ್ರ ನೋಡಿದರೆ ಒಳ್ಳೆಯ ಬದಲಿ ಎಂದು ಅಧಿಕಾರಿಗಳು ಹೇಳಿಕೊಳ್ಳಬಹುದಿತ್ತು. ಹೇಳಿಕೊಂಡರೂ ಕೂಡ. ಜಮೀನು ಕಳೆದುಕೊಂಡವರಿಗೆ ಅದು ಉತ್ತರವಾಗಲಿಲ್ಲ, 1971ರಲ್ಲಿ ಲಂಡನ್ನಿನ ಕೋರ್ಟಿಗೆ ಹೋದರು. 1976ರಲ್ಲಿ ನ್ಯಾಯಾಧೀಶ ಮೆಗರಿ ತೀರ್ಪು ಕೊಟ್ಟರು. ಸರಕಾರದ ಮೇಲೆ ಕಾನೂನಿನ ಹೊಣೆ ಹೊರಿಸಲಾಗದು ಎಂದರು. ಗಿಡ ಮರಳಿ ನೆಡುವ ಕರಾರು ಮುರಿದದ್ದು ಸಾಬೀತಾದರೂ ಅದಕ್ಕೆ ಸಿಕ್ಕ ಪರಿಹಾರ ಹೆಸರಿಗೆ ಮಾತ್ರ.

ಸೊನ್ನೆರೇಖೆ:
ಅದಕ್ಕೇ ಕಿರಿಬಾಸ್‌ನ ಸಂಸತ್ತಿನಲ್ಲಿ ಬೇರೆ ದೇಶದಲ್ಲಿರುವ ರಾಬಿಯ ಸಮುದಾಯಕ್ಕೂ ಒಂದು ಸ್ಥಾನ ಇದೆ. ಇಂಥ ಏರ್ಪಾಡು ಬೇರೆಡೆ ಅಪರೂಪ.

ವಸಾಹತಿನ ರಾಜಧಾನಿಯೂ 1908ರಿಂದ ಬನಾಬದಲ್ಲೇ ಇತ್ತು, ಫಾಸ್ಫೇಟ್ ಹಡಗುಗಳು ಅಲ್ಲಿಗೆ ತಪ್ಪದೆ ಬರುತ್ತಿದ್ದವಲ್ಲ. ಯುದ್ಧದ ನಂತರ ತರಾವಾಗೆ ಬಂತು. ದಕ್ಷಿಣ ತರಾವಾದ ಜನಸಾಂದ್ರತೆಗೆ ಬೀಜ ಬಿದ್ದದ್ದು ಆಗ: ಕಚೇರಿ, ಆಸ್ಪತ್ರೆ, ಪ್ರೌಢಶಾಲೆ, ಬಂದರು ಎಲ್ಲ ಒಂದೇ ಪಟ್ಟಿಯಲ್ಲಿ. ಆಮೇಲೆ ದ್ವೀಪದಿಂದ ದ್ವೀಪಕ್ಕೆ ಕಲ್ಲಿನ ಏರಿ ರಸ್ತೆ ಕಟ್ಟಿದರು, ಬೆಸಿಯೊ ಮತ್ತು ಬೈರಿಕಿ ನಡುವಿನದು 1987ರದು, 3 ಕಿ.ಮೀ.ಗೂ ಉದ್ದ. ಲಗೂನ್ ಒಳಗೂ ಹೊರಗೂ ಮರಳು ಹರಿಯುವ ದಾರಿ ಮುಚ್ಚಿತು. ಕೆಲವು ದಡ ಸವೆಯಿತು, ಕೆಲವು ಕಡೆ ಮರಳು ಕೂಡಿತು. ‘ಕಡಲು ತಿಂದಿತು’ ಎಂದು ತೋರಿಸುವ ಕೆಲವು ಚಿತ್ರಗಳಲ್ಲಿ ನಿಜವಾಗಿ ಕಾಣುವುದು ಇದೇ.

ಪಡುಗಡಲು:
ಬೆಸಿಯೊ ಅಂದರೆ 1943ರಲ್ಲಿ ಅಮೆರಿಕ ಮತ್ತು ಜಪಾನಿನ ಯುದ್ಧ ಆದ ಜಾಗ ಅಲ್ವಾ? ದೋಣಿಗಳು ಬಂಡೆಗೆ ತಾಗಿ ನಿಂತವಂತೆ.

ಸೊನ್ನೆರೇಖೆ:
ಹೌದು, ನವೆಂಬರ್ 20. ಅವತ್ತು ಕೃಷ್ಣಪಕ್ಷದ ಅಷ್ಟಮಿಯ ಆಸುಪಾಸು. ಅಮಾವಾಸ್ಯೆ, ಹುಣ್ಣಿಮೆಗೆ ಬರುವಂಥ ದೊಡ್ಡ ಉಬ್ಬರ ಅಲ್ಲ, ಸಣ್ಣದು; ಸಾಲದ್ದಕ್ಕೆ ಚಂದ್ರ ಭೂಮಿಯಿಂದ ದೂರದ ತುದಿಯಲ್ಲಿದ್ದ. ಸೈನಿಕರನ್ನು ದಡಕ್ಕಿಳಿಸುವ ದೋಣಿಗೆ ಕನಿಷ್ಠ 4 ಅಡಿ ನೀರು ಬೇಕು, ಬಂಡೆಯ ಮೇಲೆ ಅಷ್ಟಿರಲಿಲ್ಲ, ಏರಲೂ ಇಲ್ಲ. ಸೈನಿಕರು ನೂರಾರು ಮೀಟರ್ ನೀರಲ್ಲಿ ನಡೆದು ಗುಂಡಿಗೆ ಸಿಕ್ಕರು. 76 ಗಂಟೆಗಳಲ್ಲಿ ಅಮೆರಿಕದ ಕಡೆ ಸಾವಿರಕ್ಕೂ ಹೆಚ್ಚು ಸಾವು. ದ್ವೀಪದಲ್ಲಿದ್ದ ಜಪಾನಿ ಸೈನಿಕರಲ್ಲಿ ಜೀವಂತ ಸೆರೆಸಿಕ್ಕವರು 17 ಮಂದಿ. ಉಳಿದದ್ದು ಬೇರೆ ಎಳೆಯಲ್ಲಿ ಮಾತಾಡೋಣ, ಇಲ್ಲದಿದ್ದರೆ ನೀರಿನ ವಿಷಯ ತೇಲಿಹೋಗುತ್ತದೆ.

ಅಂತರ್ಜಲ:
ನೀರಿಗೇ ಬರೋಣ. ಬೆಸಿಯೊದ ಬಾವಿಗಳು ಈಗ ಕುಡಿಯಲು ಬರುವುದಿಲ್ಲ, ಕಾರಣ ಉಪ್ಪಲ್ಲ, ಕೊಳಕು. 2 ಮೀಟರ್ ಕೆಳಗೆ ನೀರು, ಮೇಲೆ ಜರಡಿಯಂಥ ಮರಳು, ಅದರ ಮೇಲೆ ಗುಂಡಿ ಕಕ್ಕಸು, ಹಂದಿ ದೊಡ್ಡಿ. 1977ರಲ್ಲಿ ಕಾಲರಾ ಬಂದ ಮೇಲೆ ದಕ್ಷಿಣ ತರಾವಾಗೆ ಕಡಲನೀರಿನಿಂದ ತೊಳೆಯುವ ಒಳಚರಂಡಿ ಹಾಕಿದರು, ದೂರದ ಬೊನ್‌ರಿಕಿ ಮತ್ತು ಬುವೋಟಾದ ಲೆನ್ಸ್‌ಗಳನ್ನು ಜನವಸತಿಯಿಲ್ಲದ ನೀರಿನ ಮೀಸಲು ಜಾಗ ಮಾಡಿದರು. ಅಂತರರಾಷ್ಟ್ರೀಯ ವಿಮಾನ ನಿಲ್ದಾಣ ಇರುವುದೂ ಆ ಬೊನ್‌ರಿಕಿಯಲ್ಲೇ.

ಲೆಕ್ಕ ನೋಡಿ. ಬಿದ್ದ ಮಳೆಯಲ್ಲಿ ಅರ್ಧದಷ್ಟು ಆವಿಯಾಗಿ, ಮರಗಳ ಪಾಲಾಗಿ ಹೋಗುತ್ತದೆ. ತೆಂಗೊಂದೇ ಬೇರನ್ನು ಲೆನ್ಸ್‌ಗೇ ಇಳಿಬಿಟ್ಟು ದಿನಕ್ಕೆ ನೂರು ಲೀಟರಿಗೂ ಹೆಚ್ಚು ಹೀರಬಲ್ಲದು. ಒಳಗಿಳಿದ ಅರ್ಧದಲ್ಲೂ ಮೂರನೇ ಒಂದು ಪಾಲಿನಿಂದ ಅರ್ಧದವರೆಗೆ ಮಾತ್ರ ಎತ್ತಬಹುದು. ಉಳಿದದ್ದು ಅಂಚಿನಿಂದ ಹೊರಗೆ ಹರಿಯುತ್ತ ಉಪ್ಪನ್ನು ತಡೆಯಬೇಕು. ಹೀಗೆ ಎರಡೂ ಲೆನ್ಸ್ ಸೇರಿ ಸುಸ್ಥಿರವಾಗಿ ಕೊಡಬಲ್ಲದ್ದು ದಿನಕ್ಕೆ ಸುಮಾರು 20 ಲಕ್ಷ ಲೀಟರ್. 63 ಸಾವಿರ ಜನಕ್ಕೆ ಹಂಚಿದರೆ ತಲೆಗೆ 32 ಲೀಟರ್, ಅದೂ ಕೊಳವೆಯಲ್ಲಿ ಒಂದು ಹನಿಯೂ ಸೋರದಿದ್ದರೆ. ಸೋರುತ್ತದೆ, ಚೆನ್ನಾಗಿಯೇ ಸೋರುತ್ತದೆ.

ಮೀಸಲು ಜಾಗ ಎಂದರೆ ಯಾರದೋ ಜಮೀನು, ಯಾರದೋ ತೆಂಗು ಮತ್ತು ಬಬಾಯ್ ಹೊಂಡ. ಬಬಾಯ್ ಅಂದರೆ ಆಳೆತ್ತರ ಬೆಳೆಯುವ ಕೆಸವಿನ ಜಾತಿ, ನೀರಿನ ಮಟ್ಟದವರೆಗೆ ಹೊಂಡ ತೋಡಿ ನೆಡುತ್ತಾರೆ. ಬಾಡಿಗೆ ಕೊಟ್ಟು ಇವರನ್ನು ಹೊರಗಿಟ್ಟದ್ದು ದಶಕಗಳ ಜಗಳ. ಎಂಜಿನಿಯರಿಗೆ ಅದು ಲೆನ್ಸ್, ಜಮೀನಿನವರಿಗೆ ಅಜ್ಜನ ಹೊಂಡ.

ನಕಾಶೆ_ನಾಗ:
ಬರ ಎಷ್ಟು ಕಾಲ ಇರುತ್ತದೆ ಅಲ್ಲಿ? ಭೂಮಧ್ಯರೇಖೆಯ ಮೇಲೆ ಯಾವಾಗಲೂ ಮಳೆ ಎಂದಲ್ಲವೇ ನಮ್ಮ ಪಾಠ?

ಸೊನ್ನೆರೇಖೆ:
ನಮ್ಮ ಮುಂಗಾರಿಗೆ ಎಲ್ ನಿನೋ ಶತ್ರು, ಅಲ್ಲವೇ? ಕಿರಿಬಾಸ್‌ಗೆ ಅದೇ ಮಳೆ ತರುವುದು. ಎಲ್ ನಿನೋ ವರ್ಷದಲ್ಲಿ ಬಿಸಿನೀರು ನಡು ಪೆಸಿಫಿಕ್‌ಗೆ ಸರಿದು ತರಾವಾ, ಕಿರಿಸ್ಮಾಸ್ ಎರಡೂ ನೆನೆಯುತ್ತವೆ. ಲಾ ನಿನಾ ಬಂದರೆ ಭೂಮಧ್ಯರೇಖೆಯ ಉದ್ದಕ್ಕೂ ತಣ್ಣೀರಿನ ನಾಲಗೆ ಚಾಚಿಕೊಳ್ಳುತ್ತದೆ, ಮೋಡ ಕಟ್ಟುವುದಿಲ್ಲ. ಅಂಥ ಬರ 1998ರಿಂದ 2001ರವರೆಗೆ ಎಳೆಯಿತು. ಆಮೇಲೆ ಒಂದರ ಹಿಂದೊಂದು ಬಂದ ಲಾ ನಿನಾಗಳ ನಡುವೆ 2022ರ ಜೂನ್‌ನಲ್ಲಿ ಸರಕಾರ ವಿಪತ್ತು ಘೋಷಿಸಿತು. ಟುವಾಲುವಿನಲ್ಲಿ 2011ರ ಸೆಪ್ಟೆಂಬರ್ 28ರಂದು ತುರ್ತುಸ್ಥಿತಿ, ಫುನಾಫುಟಿಯಲ್ಲಿ ಮನೆಗೆ ದಿನಕ್ಕೆ 40 ಲೀಟರ್ ರೇಷನ್.

ಹವಳದಿಬ್ಬ:
ಫುನಾಫುಟಿಗೆ ಬರ ಅಷ್ಟು ಬೇಗ ತಟ್ಟಲು ಕಾರಣ ಬೇರೆ ಇದೆ. 1942–43ರಲ್ಲಿ ಅಮೆರಿಕದವರು ದ್ವೀಪದ ಅಗಲದ ಭಾಗದಲ್ಲೇ, ಅಂದರೆ ಲೆನ್ಸ್ ಇರಬೇಕಾದ ಜಾಗದಲ್ಲೇ, ರನ್‌ವೇ ಮಾಡಿದರು. ಅದಕ್ಕೆ ಬೇಕಾದ ಹವಳಜಲ್ಲಿಯನ್ನು ದ್ವೀಪದಿಂದಲೇ ತೋಡಿದರು. ಆ ಹೊಂಡಗಳಿಗೆ ಪ್ರತಿ ಉಬ್ಬರಕ್ಕೂ ಉಪ್ಪುನೀರು ಏರುತ್ತ 70 ವರ್ಷ ಕಳೆಯಿತು, 2015ರಲ್ಲಷ್ಟೇ ನ್ಯೂಜಿಲೆಂಡ್ ನೆರವಿನಲ್ಲಿ ಮುಚ್ಚಿದ್ದು. ಜೊತೆಗೆ ಕಕ್ಕಸು ತೊಟ್ಟಿಗಳ ಸೋರಿಕೆ. ಹೀಗಾಗಿ ಅಲ್ಲಿ ಕುಡಿಯುವುದು ಪೂರ್ತಿ ಚಾವಣಿಯ ಮಳೆನೀರು. ಲಗೂನ್‌ನಿಂದ ಮರಳೆತ್ತಿ ಈಚೆಗೆ ಮಾಡಿದ 780 ಮೀಟರ್ ಉದ್ದ, 100 ಮೀಟರ್ ಅಗಲದ ಹೊಸ ನೆಲವೂ ಅಷ್ಟೇ: ಎತ್ತರ ಸಿಕ್ಕಿತು, 100 ಮೀಟರಿನಲ್ಲಿ ಲೆನ್ಸ್ ಸಿಗುವುದಿಲ್ಲ.

ಮುಳುಗುವ ಮಾತಿಗೂ ಇಲ್ಲೇ ಒಂದು ಲೆಕ್ಕ. ಟುವಾಲುವಿನ 101 ದ್ವೀಪಗಳ 1971ರಿಂದ 2014ರವರೆಗಿನ ಚಿತ್ರಗಳನ್ನು ಹೋಲಿಸಿದ ಸಂಶೋಧಕ ಕೆಂಚ್ ಮತ್ತು ಸಂಗಡಿಗರಿಗೆ ಒಟ್ಟು ನೆಲ 2.9% ಹೆಚ್ಚಾದದ್ದು ಕಂಡಿತು, ಆ ಅವಧಿಯಲ್ಲಿ ಕಡಲು ಏರುತ್ತಲೇ ಇದ್ದರೂ. ಹವಳದ ಬಂಡೆ ಜೀವಂತ ಇದ್ದರೆ ಅಲೆ ಮರಳು ತಂದು ಹಾಕುತ್ತದೆ.

ಪಡುಗಡಲು:
ಹಾಗಾದ್ರೆ ಹೆದರಬೇಕಾಗಿಲ್ಲ ಅಂತ ಆಯ್ತಲ್ಲ.

ಹವಳದಿಬ್ಬ:
ಹಾಗಲ್ಲ. ಮರಳು ಕೂಡಿ ದ್ವೀಪ ಒಂದು ಕಡೆಯಿಂದ ಇನ್ನೊಂದು ಕಡೆಗೆ ಸರಿದರೆ ನಕಾಶೆಯಲ್ಲಿ ನೆಲ ಅಷ್ಟೇ ಇರುತ್ತದೆ, ಮನೆ ಮಾತ್ರ ನೀರಲ್ಲಿರುತ್ತದೆ. ಮತ್ತೆ ವಿಸ್ತೀರ್ಣ ಹೆಚ್ಚಾದರೆ ಎತ್ತರ ಹೆಚ್ಚಾಯಿತು ಎಂದೂ ಅಲ್ಲ. ದೊಡ್ಡ ಅಲೆ ಒಮ್ಮೆ ದಾಟಿ ಬಂದರೆ ಬಾವಿಗೆ ಏನಾಗುತ್ತದೆ ಎನ್ನುವುದನ್ನು ಅಂತರ್ಜಲ ಅವರು ಹೇಳಲಿ.

ಅಂತರ್ಜಲ:
ಅಳತೆ ಮಾಡಿದ ಒಂದು ಪ್ರಕರಣ ಕುಕ್ ದ್ವೀಪಗಳ ಪುಕಾಪುಕಾದ್ದು. 2005ರಲ್ಲಿ ಪರ್ಸಿ ಚಂಡಮಾರುತದ ಅಲೆ ದ್ವೀಪದ ಮೇಲೆ ಹರಿಯಿತು. ಲೆನ್ಸ್‌ನ ಮೇಲ್ಭಾಗ ಮತ್ತೆ ಕುಡಿಯುವಂತಾಗಲು ಸುಮಾರು 11 ತಿಂಗಳು ಹಿಡಿಯಿತು, ಒಳಗೆ ಇಳಿದ ಉಪ್ಪು ಅದಕ್ಕಿಂತ ಬಹಳ ಕಾಲ ಉಳಿಯಿತು. ಹೆಚ್ಚು ಕೆಡುಕಾದದ್ದು ಕೆಸವಿನ ಹೊಂಡಗಳಿಂದ. ಕಡಲನೀರು ಹೊಂಡದಲ್ಲಿ ನಿಂತು, ಭಾರದಿಂದ ನೆಟ್ಟಗೆ ಲೆನ್ಸ್ ಒಳಗೆ ಇಳಿಯುತ್ತದೆ.

ಆದ್ದರಿಂದ ಅಲೆ ಬಂದ ಮೊದಲ ದಿನವೇ ಹೊಂಡಗಳಲ್ಲಿ ನಿಂತ ನೀರನ್ನು ಕಡಲಿಗೆ ಎತ್ತಿಹಾಕಬೇಕು. ಬಾವಿಯಿಂದ ಮಾತ್ರ ಜೋರಾಗಿ ಎತ್ತಬಾರದು. ಬಾವಿ ‘ತೊಳೆಯುತ್ತೇವೆ’ ಎಂದು ಪಂಪ್ ಇಟ್ಟು ಬರಿದು ಮಾಡಿದರೆ ಕೆಳಗಿನ ಉಪ್ಪೂ ಏರಿ, ಮೇಲಿನಿಂದ ಒಂದು ಕೆಳಗಿನಿಂದ ಒಂದು ಎಂದು ಎರಡು ಕಡೆಯಿಂದ ಕೆಡುತ್ತದೆ. ಮೇಲ್ಪದರವನ್ನು ಬಕೆಟ್ಟಿನಲ್ಲಿ ತೆಗೆದು, ಮಳೆ ಕಾಯಬೇಕು. ಅಲ್ಲಿವರೆಗೆ ಚಾವಣಿ ನೀರು.

ನಕಾಶೆ_ನಾಗ:
ಚಾವಣಿಗೆ ಎಷ್ಟು ದೊಡ್ಡ ತೊಟ್ಟಿ ಬೇಕಾದೀತು? ಮನೆಯಲ್ಲಿ ಏಳು ಜನ ಎಂದಿಟ್ಟುಕೊಳ್ಳಿ.

ಅಂತರ್ಜಲ:
ವರ್ಷದ ಸರಾಸರಿಯಿಂದ ಶುರು ಮಾಡಬೇಡಿ, ಮೋಸ ಹೋಗುತ್ತೀರಿ. 60 ಚದರ ಮೀಟರ್ ತಗಡಿನ ಮೇಲೆ 2,000 ಮಿ.ಮೀ. ಎಂದರೆ 1,20,000 ಲೀಟರ್, 80% ಹಿಡಿದರೂ 96,000, ಕೇಳಲು ಸಮೃದ್ಧಿ. ಬರದಿಂದ ಲೆಕ್ಕ ಹಾಕಿ. ಕುಡಿಯಲು, ಅಡುಗೆಗೆ ಮಾತ್ರ ತಲೆಗೆ 10 ಲೀಟರ್, ಏಳು ಜನ, ಮಳೆಯಿಲ್ಲದ 120 ದಿನ: 8,400 ಲೀಟರ್. ಫುನಾಫುಟಿಯ ಮನೆಗಳ ಪಕ್ಕ ಕಾಣುವ ಕಪ್ಪು ತೊಟ್ಟಿ 10,000 ಲೀಟರಿನದು, ಆ ಗಾತ್ರಕ್ಕೆ ಅರ್ಥ ಇದೆ. ಸ್ನಾನ, ಬಟ್ಟೆಗೆ ಬಾವಿಯ ಸಪ್ಪೆನೀರು.

ಕೇದಗೆ ಗರಿಯ ಮಾಡಿನಿಂದ ನೀರು ಹಿಡಿಯಬೇಡಿ, ಬಣ್ಣವೂ ವಾಸನೆಯೂ ಬರುತ್ತದೆ. ಮೊದಲ ಮಳೆಯ 1 ಮಿ.ಮೀ., 60 ಚ.ಮೀ. ಮಾಡಿಗೆ 60 ಲೀಟರ್, ಹೊರಗೆ ಬಿಡಲು ಅಡ್ಡ ಕೊಳವೆ ಇಡಿ. ಹಕ್ಕಿ ಹಿಕ್ಕೆ, ಕಡಲ ಗಾಳಿಯ ಉಪ್ಪು ಎರಡೂ ಅದರಲ್ಲೇ ಹೋಗುತ್ತವೆ. ಬಹಳ ಮನೆಗಳಲ್ಲಿ ತೊಟ್ಟಿ ಸರಿಯಿದ್ದೂ ಖಾಲಿ, ಯಾಕೆಂದರೆ ದಂಬೆ ಮಾಡಿನ ಒಂದು ಬದಿಗೆ ಮಾತ್ರ ಇದೆ, ಇಲ್ಲವೇ ಅದರ ಕಬ್ಬಿಣದ ಕೊಕ್ಕೆ ಉಪ್ಪುಗಾಳಿಗೆ ತಿಂದುಹೋಗಿ ದಂಬೆ ಜೋತುಬಿದ್ದಿದೆ. ತೊಟ್ಟಿಗೆ ದುಡ್ಡು ಕೊಡುವವರು ಸಿಗುತ್ತಾರೆ, ಕೊಕ್ಕೆಗೆ ಸಿಗುವುದಿಲ್ಲ.

ಹಳೇದಾಖಲೆ:
ಕಿರಿಬಾಸ್ ಸರಕಾರ 2014ರಲ್ಲಿ ಫಿಜಿಯ ವನುವಾ ಲೆವುವಿನ ನಾಟೋವಾಟುವಿನಲ್ಲಿ ಸುಮಾರು 22 ಚದರ ಕಿ.ಮೀ. ಜಮೀನು ಕೊಂಡಾಗ ‘ಜನರನ್ನು ಸಾಗಿಸಲು’ ಎಂದೇ ಪತ್ರಿಕೆಗಳು ಬರೆದವು. ರಾಬಿ, ಗಿಜೋ ಎರಡರ ಅನುಭವ ಇರುವ ದೇಶ ಅದು. ಒಳಗಿನವರ ಚರ್ಚೆಯಲ್ಲಿ ಆಹಾರ ಬೆಳೆಯುವ ಮಾತೂ ಅಷ್ಟೇ ಜೋರಾಗಿತ್ತು.

ಪಡುಗಡಲು:
ಒಂದು ಕೊನೇ ಸಂಶಯ. ಬಾವಿ ನೀರು ಉಪ್ಪಾಗ್ತಾ ಬಂತು ಅಂತ ನಾಲಗೆಗೆ ಗೊತ್ತಾಗುವ ಮೊದಲು ತಿಳಿಯುವ ದಾರಿ ಉಂಟಾ?

ಅಂತರ್ಜಲ:
ಉಂಟು. ಪೆನ್ನಿನಷ್ಟು ಗಾತ್ರದ ವಾಹಕತೆ ಮೀಟರ್ ಸಾಕು. ನೀರಲ್ಲಿ ವಿದ್ಯುತ್ ಎಷ್ಟು ಸರಾಗ ಹರಿಯುತ್ತದೆ ಎಂದು ಅದು ಅಳೆಯುತ್ತದೆ, ಉಪ್ಪು ಹೆಚ್ಚಿದಷ್ಟೂ ಅಂಕಿ ಏರುತ್ತದೆ. ತರಾವಾದಲ್ಲಿ ಸಿಹಿನೀರಿನ ಮೇಲ್ಮಿತಿಯಾಗಿ ಹಿಡಿಯುವುದು ಸೆಂಟಿಮೀಟರಿಗೆ 2,500 ಮೈಕ್ರೋಸೀಮೆನ್ಸ್. ಕಡಲನೀರು 50,000 ಆಸುಪಾಸು. ಪ್ರತಿ ತಿಂಗಳೂ ಉಬ್ಬರದ ಒಂದೇ ಹಂತದಲ್ಲಿ ಅಳೆಯಿರಿ, ಇಲ್ಲದಿದ್ದರೆ ಏರಿಳಿತವೇ ದಾರಿ ತಪ್ಪಿಸುತ್ತದೆ. ಬಾವಿಯ ಮೇಲ್ನೀರು ಮಾತ್ರ ನೋಡಿದರೆ ಎಚ್ಚರಿಕೆ ತಡವಾಗಿ ಬರುತ್ತದೆ. ಬೊನ್‌ರಿಕಿಯಲ್ಲಿ ಮಾಡಿರುವ ಹಾಗೆ ಒಂದೇ ತೂತಿನಲ್ಲಿ ಬೇರೆ ಬೇರೆ ಆಳಕ್ಕೆ ಸಣ್ಣ ಕೊಳವೆಗಳನ್ನು ಇಳಿಸಿ, ನಡುನಡುವೆ ಜೇಡಿಯಿಂದ ಮುಚ್ಚಿ, ಪ್ರತಿ ಆಳದ ನೀರನ್ನೂ ಬೇರೆಯಾಗಿ ತೆಗೆದು ನೋಡಬೇಕು. 2,500ರ ಗಡಿ ತಿಂಗಳಿಂದ ತಿಂಗಳಿಗೆ ಮೇಲೆ ಬರುತ್ತಿದ್ದರೆ ಆ ಸಾಲಿನ ಪಂಪ್ ವೇಗ ಇಳಿಸಿ, ಪಕ್ಕದ ಸಾಲಿಗೆ ಹೊರೆ ಹಂಚಿ. ಎಲ್ಲ ಸಾಲುಗಳಲ್ಲೂ ಒಟ್ಟಿಗೆ ಏರುತ್ತಿದ್ದರೆ ಹಂಚಲು ಉಳಿದಿಲ್ಲ, ರೇಷನ್ ಶುರು ಮಾಡಬೇಕು.